ಹಾವುಮೀನಿನ ಕಾಲುವೆಗಳ ಊರು: ಬಜ್ ಬಿಮ್‌ನಲ್ಲಿ ಗುಂಡಿಚ್‌ಮಾರ ಗೈಡ್ ಜೊತೆ ಅರ್ಧ ದಿನ

ಆಸ್ಟ್ರೇಲಿಯಾದ ವಿಕ್ಟೋರಿಯಾ ರಾಜ್ಯಕ್ಕೆ ಬಂದವರು ಗ್ರೇಟ್ ಓಷನ್ ರೋಡಿನಲ್ಲಿ ಹೋಗಿ, ಟ್ವೆಲ್ವ್ ಅಪಾಸಲ್ಸ್ ಬಂಡೆಗಳ ಮುಂದೆ ಫೋಟೊ ತೆಗೆಸಿಕೊಂಡು ವಾಪಸ್ ಬರುತ್ತಾರೆ. ಅಲ್ಲಿಗೇ ನಿಲ್ಲಬೇಡಿ, ಇನ್ನೂ ಎರಡು ಗಂಟೆ ಪಶ್ಚಿಮಕ್ಕೆ ಹೋಗಿ ಅಂತ ಹೇಳುವುದಕ್ಕೇ ಇದನ್ನು ಬರೆಯುತ್ತಿದ್ದೇನೆ. ಅಲ್ಲಿ ಬಜ್ ಬಿಮ್ ಇದೆ. ಸುಮಾರು 37,000 ವರ್ಷಗಳ ಹಿಂದೆ ಲಾವಾ ಉಗುಳಿದ ಗುಡ್ಡ. ಆ ಲಾವಾ ಹರಿದು ಗಟ್ಟಿಯಾದ ಕಪ್ಪು ಕಲ್ಲಿನ ನೆಲದಲ್ಲಿ ಇಲ್ಲಿಯ ಮೂಲನಿವಾಸಿಗಳಾದ ಗುಂಡಿಚ್‌ಮಾರ ಜನ ಕಾಲುವೆ ತೋಡಿದರು, ಒಡ್ಡು ಕಟ್ಟಿದರು, ಹೊಂಡ ಮಾಡಿದರು. ಎಲ್ಲ ಹಾವುಮೀನಿಗಾಗಿ. ಇವುಗಳಲ್ಲಿ ಕೆಲವು ಕನಿಷ್ಠ 6,600 ವರ್ಷ ಹಳೆಯವು.

ನಾನು ನೀರಾವರಿ ಇಲಾಖೆಯಲ್ಲಿ ಇಂಜಿನಿಯರ್ ಆಗಿದ್ದವನು. ಕಾಲುವೆ, ತೂಬು, ಕೋಡಿ ಇವುಗಳ ನಡುವೆಯೇ ಸರ್ವಿಸ್ ಮುಗಿಸಿದ್ದು. ಮಗಳು ಮೆಲ್ಬರ್ನ್‌ನಲ್ಲಿದ್ದಾಳೆ. ಈ ಜಾಗದ ಬಗ್ಗೆ ಅವಳೇ ಹೇಳಿ, ಅವಳೇ ಬುಕ್ ಮಾಡಿದಳು. ಮೆಲ್ಬರ್ನ್‌ನಿಂದ ಕಾರಿನಲ್ಲಿ ನಾಲ್ಕು ಗಂಟೆಯ ಹಾದಿ. ಹತ್ತಿರದ ಸಣ್ಣ ಊರು ಹೇವುಡ್. ಉಳಿದುಕೊಳ್ಳಲು ಪೋರ್ಟ್‌ಲ್ಯಾಂಡ್ ಅಥವಾ ವಾರ್ನಂಬೂಲ್ ಅನುಕೂಲ.

ಮೊದಲೇ ಒಂದು ಮಾತು. ಇಲ್ಲಿ ಚುಕ್ಕಿ ಚುಕ್ಕಿ ಚಿತ್ರ ಇರುವುದಿಲ್ಲ, ಡಿಜರಿಡೂ ಎಂಬ ಉದ್ದನೆಯ ಮರದ ಕೊಳವೆ ವಾದ್ಯ ಊದುವವರು ಇರುವುದಿಲ್ಲ. ಆ ಚುಕ್ಕಿಯ ಕ್ಯಾನ್ವಾಸ್ ಚಿತ್ರಗಳು ಮಧ್ಯದ ಮರುಭೂಮಿಯವರದು, 1971ರಲ್ಲಿ ಪಾಪುನ್ಯಾ ಎಂಬ ಊರಿನಲ್ಲಿ ಶುರುವಾದದ್ದು. ಡಿಜರಿಡೂ ಉತ್ತರದ ತುದಿಯವರದು. ಇದನ್ನು ಹೇಳಲು ಕಾರಣವಿದೆ. ಇದಕ್ಕೆ ಮೊದಲು ನಾವು ಬೇರೊಂದು ಕಂಪನಿಯ ಬಸ್ ಟೂರಿನಲ್ಲಿ ಇದೇ ಕರಾವಳಿಗೆ ಬಂದಿದ್ದೆವು. ಡ್ರೈವರ್ ದಾರಿಯುದ್ದಕ್ಕೂ ಡಿಜರಿಡೂ ಹಾಕಿಕೊಂಡು "ಇದು ಇಲ್ಲಿಯ ಮೂಲನಿವಾಸಿಗಳ ಸಂಗೀತ" ಅಂದ. ಇಲ್ಲಿಯವರು ಅದನ್ನು ಊದಿದವರೇ ಅಲ್ಲ. ಊಟಕ್ಕೆ ನಿಲ್ಲಿಸಿದ ಅಂಗಡಿಯಲ್ಲಿ ಬೂಮರಾಂಗ್ ರಾಶಿ ಹಾಕಿದ್ದರು. ಹಿಂದೆ ತಿರುಗಿಸಿ ನೋಡಿದರೆ ಬೇರೆ ದೇಶದ ಹೆಸರಿನ ಚೀಟಿ. ನೂರಾರು ಭಾಷೆಗಳಿದ್ದ ಖಂಡ ಇದು, ಬ್ರಿಟಿಷರು ಬಂದಾಗ 250ಕ್ಕೂ ಹೆಚ್ಚು ಭಾಷೆ ಇದ್ದವು. ಎಲ್ಲರನ್ನೂ ಒಂದೇ ಗೋಣಿಚೀಲಕ್ಕೆ ತುಂಬಿ ಮಾರುವುದು ಆ ಜನಕ್ಕೆ ಮಾಡುವ ಅನ್ಯಾಯ. ನೋಡಲು ಬಂದವರಿಗೂ ಅನ್ಯಾಯವೇ.

ಬಜ್ ಬಿಮ್‌ನಲ್ಲಿ ಹಾಗಿಲ್ಲ. ನೆಲ ಯಾರದೋ ಅವರೇ ಗೈಡ್. ನಮ್ಮ ಜೊತೆ ಬಂದವನು ಮೂವತ್ತರ ಆಸುಪಾಸಿನ ಗುಂಡಿಚ್‌ಮಾರ ಯುವಕ. ಶುರು ಮಾಡುವ ಮೊದಲು ತನ್ನ ಹಿರಿಯರನ್ನು ನೆನೆದ. ನಡೆಯುವಾಗ ಆಂಟಿ ಹೀಗೆ ಹೇಳಿದ್ದರು, ಅಂಕಲ್ ಹೀಗೆ ತೋರಿಸಿದ್ದರು ಅನ್ನುತ್ತಿದ್ದ. ಅಲ್ಲಿ ಹಿರಿಯರನ್ನು ಎಲ್ಲರೂ ಕರೆಯುವುದೇ ಹಾಗೆ. ಗುಡ್ಡದ ಕಡೆ ಕೈ ತೋರಿಸಿ, ಅದು ನಮ್ಮ ಪೂರ್ವಜನ ಹಣೆ, ಹೊರಗೆ ಬಂದ ಕಲ್ಲು ಅವನ ಹಲ್ಲು ಅಂದ. ಕತೆ ಹೇಳುವವನ ಧಾಟಿ ಅಲ್ಲ ಅದು. ಅಜ್ಜನ ಮನೆ ತೋರಿಸುವವನ ಧಾಟಿ.

ಇನ್ನು ಕಾಲುವೆ. ದೂರದಿಂದ ನೋಡಿದರೆ ಹುಲ್ಲಿನ ಮಧ್ಯೆ ಕಲ್ಲು ಬಿದ್ದ ಹಾಗೆ ಕಾಣುತ್ತದೆ, ಅಷ್ಟೇ. ಗೈಡ್ ಇಲ್ಲದೆ ಬಂದವರು "ಏನೂ ಇಲ್ಲ ಅಲ್ಲಿ" ಅಂತ ಹೋಗಿಬಿಡುವ ಸಾಧ್ಯತೆ ಜಾಸ್ತಿ. ಅವನು ನಮ್ಮನ್ನು ಒಂದು ತಗ್ಗಿನ ಹತ್ತಿರ ನಿಲ್ಲಿಸಿ, ಬಗ್ಗಿ ನೋಡಿ ಅಂದ. ಬಗ್ಗಿದ ಮೇಲೆ ಗೊತ್ತಾಯಿತು. ಎರಡೂ ಕಡೆ ಬಸಾಲ್ಟ್ ಕಲ್ಲು ಕಿತ್ತು ಅಂಚು ಮಾಡಿದ್ದಾರೆ. ಕಿತ್ತ ಕಲ್ಲನ್ನು ಎಸೆದಿಲ್ಲ, ಪಕ್ಕದಲ್ಲೇ ಗೋಡೆ ಕಟ್ಟಿದ್ದಾರೆ. ತಳ ಸಣ್ಣಗೆ ಇಳಿಯುತ್ತದೆ. ನಾನು ಮಂಡಿಯೂರಿ ಅದರ ಉದ್ದಕ್ಕೂ ಕಣ್ಣಿಟ್ಟು ನೋಡಿದೆ. ನೀರು ನುಗ್ಗುವಷ್ಟು ಇಳಿಜಾರಿಲ್ಲ, ನಿಲ್ಲುವಷ್ಟು ಸಮವೂ ಇಲ್ಲ. ಬಂಡೆ ಅಡ್ಡ ಬಂದಲ್ಲಿ ಕಾಲುವೆ ಬಳಸಿಕೊಂಡು ಹೋಗಿದೆ. ಗಾರೆ ಇಲ್ಲ, ಕಬ್ಬಿಣದ ಹಾರೆ ಇಲ್ಲ. ಲೆವೆಲ್ ನೋಡುವ ಉಪಕರಣವಂತೂ ಇಲ್ಲವೇ ಇಲ್ಲ.

"ಮಟ್ಟ ಹೇಗೆ ಹಿಡಿಯುತ್ತಿದ್ದರು?" ಅಂತ ಕೇಳಿದೆ.

"ನೀರು ಏರುವಾಗ ಎಲ್ಲಿಗೆ ಹೋಗುತ್ತೆ, ಇಳಿಯುವಾಗ ಎಲ್ಲಿ ಉಳಿಯುತ್ತೆ ಅಂತ ನೋಡ್ತಾ ಕೂತಿದ್ದರು. ಆಮೇಲೆ ಕಲ್ಲಿಗೆ ಕೈ ಹಾಕಿದರು" ಅಂದ.

ಇದಕ್ಕಿಂತ ಸರಿಯಾದ ಉತ್ತರ ನಾನು ಕಾಲೇಜಿನಲ್ಲೂ ಕೇಳಿರಲಿಲ್ಲ.

ಕೆಲಸ ಮಾಡುವ ಬಗೆ ಹೀಗೆ. ಅಲ್ಲಿಯ ಭಾಷೆಯಲ್ಲಿ ಈ ಮೀನಿಗೆ ಕೂಯಾಂಗ್ ಅನ್ನುತ್ತಾರೆ. ಇದು ಹುಟ್ಟುವುದು ಸಮುದ್ರದಲ್ಲಿ, ದೂರದ ಕೋರಲ್ ಸಮುದ್ರದ ಕಡೆ. ಗಾಜಿನಂಥ ಮರಿಗಳು ಪ್ರವಾಹದ ಜೊತೆ ತೇಲಿ ಬಂದು ನದಿ ಹತ್ತುತ್ತವೆ. ಸಿಹಿನೀರಿನಲ್ಲಿ ವರ್ಷಗಟ್ಟಲೆ ಬೆಳೆಯುತ್ತವೆ. ಬೆಳೆದು ಕೊಬ್ಬಿದ ಮೇಲೆ, ಶರತ್ಕಾಲದ ಮಳೆಗೆ, ಅಂದರೆ ಅಲ್ಲಿಯ ಮಾರ್ಚ್ ಆದ ಮೇಲೆ, ಮತ್ತೆ ಸಮುದ್ರದ ದಾರಿ ಹಿಡಿಯುತ್ತವೆ. ಗುಂಡಿಚ್‌ಮಾರ ಜನ ಈ ಹೋಗಿಬರುವ ದಾರಿಯನ್ನೇ ತಮ್ಮ ಕೈಗೆ ತೆಗೆದುಕೊಂಡರು. ಕಾಲುವೆಯಲ್ಲಿ ನೀರಿನ ಜೊತೆ ಮೀನೂ ಹೊಂಡಕ್ಕೆ ಬರಬೇಕು. ಅಲ್ಲಿ ಬೆಳೆಯಬೇಕು. ವಾಪಸ್ ಹೋಗುವ ದಾರಿಯಲ್ಲಿ ಕಲ್ಲಿನ ಒಡ್ಡಿಗೆ ಒಂದು ಕಂಡಿ. ಆ ಕಂಡಿಗೆ ಉದ್ದನೆಯ ಹೆಣೆದ ಬುಟ್ಟಿ. ಬಾಯಿ ಅಗಲ, ಬಾಲ ಸಣ್ಣ. ದೊಡ್ಡ ಮೀನು ಸಿಕ್ಕುತ್ತದೆ, ಮರಿ ಸಂದಿನಿಂದ ನುಸುಳಿ ಹೋಗುತ್ತದೆ. ಮುಂದಿನ ವರ್ಷಕ್ಕೆ ಬೇಕಲ್ವಾ ಅದು.

ಆ ಬುಟ್ಟಿಯನ್ನು ಕೈಯಲ್ಲಿ ಹಿಡಿದು ನೋಡಲು ಕೊಟ್ಟರು. ನಮ್ಮಲ್ಲಿ ಗದ್ದೆಯ ಕಂಡಿಗೆ ಇಡುವ ಕೂಣಿಯ ಹಾಗೇ ಇದೆ, ಆದರೆ ಬಿದಿರಲ್ಲ, ಜಂಬಿನಂಥ ಹುಲ್ಲು. ಒಂದೊಂದು ಸುತ್ತಿಗೂ ಕುಣಿಕೆ ಬಿಗಿದು ಮುಂದಿನ ಸುತ್ತಿಗೆ ಸಾಗಿದ್ದಾರೆ. ನನ್ನ ಹೆಂಡತಿ ಕ್ರೋಶ ಹಾಕುವವಳು. ಕನ್ನಡಕ ಹಾಕಿಕೊಂಡು ಬಹಳ ಹೊತ್ತು ತಿರುಗಿಸಿ ತಿರುಗಿಸಿ ನೋಡಿದಳು. ಎಲ್ಲಿ ಹೊಸ ಹುಲ್ಲು ಸೇರಿಸಿದ್ದಾರೆ ಅಂತ ಅವಳಿಗೂ ಗೊತ್ತಾಗಲಿಲ್ಲ. ಇದು ಮೀನು ಹಿಡಿಯುವ ಸಾಮಾನು, ಇದೇ ಅವರ ಕಲೆ ಕೂಡ. ಬೇರೆ ಬೇರೆ ಮಾಡಿ ನೋಡುವುದು ನಮ್ಮ ಅಭ್ಯಾಸ, ಅವರದಲ್ಲ.

ಈ ಹೆಣಿಗೆ ಉಳಿದಿದ್ದೇ ದೊಡ್ಡ ಮಾತು. ಕಾನಿ ಹಾರ್ಟ್ ಎಂಬ ಗುಂಡಿಚ್‌ಮಾರ ಹಿರಿಯಾಕೆ ಇದ್ದರು, 1917ರಲ್ಲಿ ಹುಟ್ಟಿದವರು. ಹಳೆಯದನ್ನೆಲ್ಲ ಬಿಡಿ ಅಂತ ಮಿಷನ್‌ನವರು, ಸರ್ಕಾರದವರು ಒತ್ತಾಯ ಮಾಡುತ್ತಿದ್ದ ಕಾಲ. ಹಾಗಾಗಿ ಅವರ ತಾಯಿ ಮಗಳಿಗೆ ಬುಟ್ಟಿ ಹೆಣೆಯಲು ಕಲಿಸಲಿಲ್ಲ. ಮಗಳು ನೋಡಿ ನೋಡಿಯೇ ಕಲಿತರು. ತಾಯಿ ಬುಟ್ಟಿ ಕೆಳಗಿಟ್ಟು ಆಚೆ ಹೋದಾಗ ಕದ್ದು ನಾಲ್ಕು ಹೆಣಿಗೆ ಹಾಕುತ್ತಿದ್ದರಂತೆ. ತಮ್ಮದೇ ಬುಟ್ಟಿ ಹೆಣೆಯಲು ಶುರು ಮಾಡಿದ್ದು ವಯಸ್ಸಾದ ಮೇಲೆ. ಆಮೇಲೆ ಊರಿನವರಿಗೆಲ್ಲ ಕಲಿಸಿದರು. ಇವತ್ತು ಅವರ ಹೆಣಿಗೆಗಳು ಮ್ಯೂಸಿಯಂಗಳಲ್ಲಿವೆ. ಇವತ್ತು ಹೆಣೆಯುವವರೂ ಇದ್ದಾರೆ, ಅದು ಅದಕ್ಕಿಂತ ಒಳ್ಳೆಯದು.

ಮುಂದೆ ಕಲ್ಲುಮನೆಗಳ ಜಾಗ. ಲಾಳದ ಆಕಾರದಲ್ಲಿ ಮೊಣಕಾಲೆತ್ತರದ ಕಲ್ಲಿನ ಗೋಡೆ, ಮೇಲೆ ಮರದ ಕೊಂಬೆಯ ಮಾಡು ಇತ್ತಂತೆ. ಆಸ್ಟ್ರೇಲಿಯಾದ ಮೂಲನಿವಾಸಿಗಳೆಲ್ಲ ಅಲೆಮಾರಿಗಳು, ಅವರಿಗೆ ಮನೆಯೇ ಇರಲಿಲ್ಲ ಅಂತ ಬಹಳ ಕಡೆ ಓದಿರುತ್ತೀರಿ. ಇಲ್ಲಿ ಬಂದು ಈ ಗೋಡೆಗಳ ಮಧ್ಯೆ ನಿಂತು ನೋಡಿ. ಪೊಳ್ಳಾದ ದೊಡ್ಡ ಮರಗಳೊಳಗೆ ಹೊಗೆ ಹಾಕಿ ಮೀನು ಒಣಗಿಸುತ್ತಿದ್ದರು. ಹಾಗೆ ಮಾಡಿದ ಮೀನು ಬಹಳ ದಿನ ಕೆಡದೆ ಇರುತ್ತದೆ. ಇಟ್ಟುಕೊಳ್ಳಲೂ ಆಯಿತು, ಬೇರೆಯವರಿಗೆ ಕೊಟ್ಟು ಬೇಕಾದ್ದು ತರಲೂ ಆಯಿತು.

ಇದೇ ಕಲ್ಲುನೆಲ ಯುದ್ಧದಲ್ಲೂ ಅವರ ಕೈ ಹಿಡಿಯಿತು. 1834ರಲ್ಲಿ ಪೋರ್ಟ್‌ಲ್ಯಾಂಡ್‌ನಲ್ಲಿ ಬಿಳಿಯರು ನೆಲೆಯೂರಿದರು, ಕುರಿ ಹಿಂಡು ಬಂತು. ಆಮೇಲೆ ನಡೆದ ಹೋರಾಟಕ್ಕೆ ಯೂಮೆರಾಲಾ ಯುದ್ಧ ಅನ್ನುತ್ತಾರೆ. ಈ ಕಲ್ಲಿನ ಮೇಲೆ ಕುದುರೆ ಓಡಲಾರದು. ಹಾಗಾಗಿ ಗುಂಡಿಚ್‌ಮಾರ ಜನ ಇಲ್ಲಿಂದ ಹೋಗಿ ದಾಳಿ ಮಾಡಿ, ಇಲ್ಲಿಗೇ ಬಂದು ಅಡಗುತ್ತಿದ್ದರು. ನನ್ನ ಪಾದ ಹೊರಳಿದಾಗಲೆಲ್ಲ ಕುದುರೆಯ ಗತಿ ಏನಾಗಿರಬಹುದು ಅಂತ ಅರ್ಥವಾಯಿತು. ಕೊನೆಗೆ ಬಂದೂಕು ಗೆದ್ದಿತು. ಉಳಿದವರಲ್ಲಿ ಬಹಳ ಮಂದಿಯನ್ನು ಪಾದ್ರಿಗಳು ನಡೆಸುತ್ತಿದ್ದ ಲೇಕ್ ಕಾಂಡಾ ಮಿಷನ್‌ಗೆ ತಂದು ಇಟ್ಟರು.

ಗೈಡ್ ಹೇಳಿದ್ದರಲ್ಲಿ ನನ್ನನ್ನು ಬಹಳ ಕಾಡಿದ್ದು ಲೊವೆಟ್ ಅಣ್ಣತಮ್ಮಂದಿರ ವಿಷಯ. ಇಲ್ಲಿಯ ಒಂದೇ ಮನೆಯ ಐವರು ಮೊದಲ ಮಹಾಯುದ್ಧಕ್ಕೆ ಹೋದರು. ಐವರೂ ಜೀವಸಹಿತ ಬಂದರು. ಯುದ್ಧದಿಂದ ಬಂದ ಸೈನಿಕರಿಗೆ ಸರ್ಕಾರ ಜಮೀನು ಕೊಡುತ್ತಿತ್ತು. ಮಿಷನ್ನಿನ ಜಮೀನನ್ನೂ ಹಾಗೆಯೇ ಹಂಚಿತು. ಅದೇ ನೆಲದ ಮಕ್ಕಳಾದ ಇವರಿಗೆ ಮಾತ್ರ ಕೊಡಲಿಲ್ಲ. ಮುಂದೆ 1957ರಲ್ಲಿ, ಊರಿನವರು ದುಡಿದು ಕಟ್ಟಿದ ಮಿಷನ್ನಿನ ಕಲ್ಲಿನ ಚರ್ಚನ್ನೂ ಕೆಡವಿಬಿಟ್ಟರು. ಗೈಡ್ ದನಿ ಎತ್ತಲಿಲ್ಲ, ನಮ್ಮ ಕಣ್ಣಲ್ಲಿ ನೀರು ತರಿಸಲೂ ನೋಡಲಿಲ್ಲ. ಹೇಳಿ, ನಾವು ಕೇಳುವುದನ್ನು ಕೇಳಲು ಸಮಯ ಕೊಟ್ಟ.

ಕೆರೆಗೂ ಅದೇ ಗತಿಯಾಗಿತ್ತು. ಅವರ ಭಾಷೆಯಲ್ಲಿ ಟೇ ರಾಕ್, ನಕ್ಷೆಗಳಲ್ಲಿ ಲೇಕ್ ಕಾಂಡಾ. ಹುಲ್ಲುಗಾವಲು ಬೇಕು ಅಂತ ಚರಂಡಿ ತೋಡಿ ಕೆರೆಯ ನೀರನ್ನೇ ಬಸಿದಿದ್ದರು. ನೀರಿಲ್ಲದ ಮೇಲೆ ಕಾಲುವೆಗೆ ಏನು ಕೆಲಸ? ಇಂಜಿನಿಯರ್ ಆಗಿ ಹೇಳುತ್ತೇನೆ, ಸಾವಿರಾರು ವರ್ಷ ನಡೆದ ವ್ಯವಸ್ಥೆಯನ್ನು ಒಂದು ಚರಂಡಿಯಿಂದ ನಿಲ್ಲಿಸಬಹುದು ಅನ್ನುವುದು ನೋಡಲು ಬಹಳ ಕಷ್ಟವಾಗುತ್ತದೆ. ಆದರೆ ಇವರು ಸುಮ್ನೆ ಕೂರಲಿಲ್ಲ. ಪೋರ್ಟ್‌ಲ್ಯಾಂಡ್ ಹತ್ತಿರ ತಮ್ಮ ಹಿರಿಯರ ಜಾಗದಲ್ಲಿ ಅಲ್ಯೂಮಿನಿಯಂ ಕಾರ್ಖಾನೆ ಕಟ್ಟಲು ಹೊರಟಾಗ ಇಬ್ಬರು ಗುಂಡಿಚ್‌ಮಾರ ಹೆಂಗಸರು ಕೋರ್ಟಿಗೆ ಹೋದರು. ಕೇಳುವ ಹಕ್ಕು ಅವರಿಗಿದೆ ಅಂತ 1981ರಲ್ಲಿ ಹೈಕೋರ್ಟ್, ಅಂದರೆ ಆ ದೇಶದ ಅತಿ ದೊಡ್ಡ ಕೋರ್ಟ್, ಹೇಳಿತು. 1987ರಲ್ಲಿ ಮಿಷನ್ ಜಾಗ ವಾಪಸ್ ಬಂತು. 2007ರಲ್ಲಿ ನೇಟಿವ್ ಟೈಟಲ್, ಅಂದರೆ ಈ ನೆಲದ ಮೇಲೆ ಅವರಿಗೆ ಮೊದಲಿನಿಂದ ಇದ್ದ ಹಕ್ಕಿಗೆ ಕೋರ್ಟಿನ ಮುದ್ರೆ ಬಿತ್ತು. 2010ರಲ್ಲಿ ಒಡ್ಡು ಕಟ್ಟಿ ಕೆರೆಗೆ ನೀರು ನಿಲ್ಲಿಸಿದರು. ನೀರು ಬಂದ ಮೇಲೆ ಹಳೆಯ ಕಾಲುವೆಗಳಲ್ಲಿ ಮತ್ತೆ ಹರಿಯಿತು. ಪುಸ್ತಕದಲ್ಲಿ ಊಹಿಸಿದ್ದು ಕಣ್ಣೆದುರು ಕೆಲಸ ಮಾಡಿತು.

2019ರಲ್ಲಿ ಬಜ್ ಬಿಮ್ ಯುನೆಸ್ಕೊದ ವಿಶ್ವ ಪರಂಪರೆ ಪಟ್ಟಿಗೆ ಸೇರಿತು. ಮೂಲನಿವಾಸಿಗಳ ಸಂಸ್ಕೃತಿಯ ಕಾರಣಕ್ಕೆ ಮಾತ್ರವೇ ಆ ಪಟ್ಟಿಗೆ ಸೇರಿದ ಆಸ್ಟ್ರೇಲಿಯಾದ ಮೊದಲ ಜಾಗ ಇದು. ಸ್ವಲ್ಪ ದಿನದಲ್ಲೇ ಕಾಡ್ಗಿಚ್ಚು ಬಂತು. ಹುಲ್ಲು ಸುಟ್ಟ ಮೇಲೆ ಅಡಿಯಲ್ಲಿ ಇನ್ನೊಂದು ಕಾಲುವೆ ಕಾಣಿಸಿತು, ಸುಮಾರು 25 ಮೀಟರ್ ಉದ್ದದ್ದು. ಹುಡುಕಬೇಕಾದದ್ದು ಇನ್ನೂ ಇದೆ.

ಸುತ್ತಾಟ ಮುಗಿಯುವುದು ಟೇ ರಾಕ್ ದಡದಲ್ಲಿ. 2022ರಲ್ಲಿ ತೆರೆದ ಮೀನು ಸಾಕಣೆ ಕೇಂದ್ರ, ಜೊತೆಗೆ ಕೆಫೆ. ಹೊಗೆ ಹಾಕಿದ ಹಾವುಮೀನು ತಿನ್ನದೆ ಬರಬೇಡಿ. ಮುಳ್ಳಿನ ಭಯ ಬೇಡ, ಮಾಂಸ ದಪ್ಪ, ಜಿಡ್ಡಿದೆ. ಹೊಗೆಯ ರುಚಿ ಮೊದಲು, ಉಪ್ಪು ಆಮೇಲೆ. ಬಾಯಲ್ಲಿ ಬೆಣ್ಣೆಯ ಹಾಗೆ ಕರಗುತ್ತದೆ. ಅಳಿಯ ಎರಡನೇ ಸಲ ತರಿಸಿಕೊಂಡ. ಹೆಂಡತಿ ಮೀನು ಮುಟ್ಟುವವಳಲ್ಲ, ಅವಳಿಗೆ ಟೀ, ಕೇಕ್ ಸಾಕಾಯಿತು. ಕಿಟಕಿಯ ಆಚೆ ಕೆರೆ, ಕೆರೆಯಲ್ಲಿ ಕಪ್ಪು ಹಂಸಗಳು.

ಹೋಗುವವರಿಗೆ ಕೆಲವು ಮಾತು. ಚಳಿಗಾಲದ ಕೊನೆ ಅಥವಾ ವಸಂತದಲ್ಲಿ ಹೋಗಿ, ಅಂದರೆ ಆಗಸ್ಟ್, ಸೆಪ್ಟೆಂಬರ್. ಆಗ ನೀರಿರುತ್ತದೆ. ಬೇಸಿಗೆಯಲ್ಲಿ ಕೆರೆ ಇಳಿದಿರುತ್ತದೆ, ನೀರಿಲ್ಲದ ಕಾಲುವೆ ನೋಡಿದರೆ ಅರ್ಧವೇ ನೋಡಿದ ಹಾಗೆ. ಗಾಳಿ ಮೂಳೆ ಕೊರೆಯುತ್ತದೆ, ಕಿವಿ ಮುಚ್ಚುವ ಟೋಪಿ ಇರಲಿ. ಹಿಮ್ಮಡಿ ಹಿಡಿಯುವ ಗಟ್ಟಿ ಬೂಟು ಬೇಕೇ ಬೇಕು. ಮಂಡಿ ನೋವಿರುವವರು ಬುಕ್ ಮಾಡುವಾಗಲೇ ಹೇಳಿದರೆ ಸುಲಭದ ದಾರಿ ಯಾವುದು ಅಂತ ಕೇಳಿಕೊಳ್ಳಬಹುದು. ಮೊದಲೇ ಬುಕ್ ಮಾಡದೆ ಹೋಗಬೇಡಿ. ದುಡ್ಡು ಕಡಿಮೆಯೇನಲ್ಲ. ಆದರೆ ಅದು ಹೋಗುವುದು ಗುಂಡಿಚ್‌ಮಾರ ಜನರದ್ದೇ ಸಂಸ್ಥೆಗೆ, ಇದೇ ಕಾಲುವೆಗಳನ್ನು ನೋಡಿಕೊಳ್ಳುವವರಿಗೆ. ಕಲ್ಲನ್ನು ಅಲುಗಾಡಿಸಬೇಡಿ, ಒಂದು ಚೂರನ್ನೂ ಜೇಬಿಗೆ ಹಾಕಬೇಡಿ, ಫೋಟೊ ತೆಗೆಯುವ ಮೊದಲು ಕೇಳಿ.

ಸಮಯವಿದ್ದರೆ ದಾರಿಯಲ್ಲಿ ವಾರ್ನಂಬೂಲ್ ಹತ್ತಿರ ಟವರ್ ಹಿಲ್‌ನಲ್ಲೂ ಇಳಿಯಿರಿ. ಅದೂ ಜ್ವಾಲಾಮುಖಿಯೇ, ಹೆಚ್ಚುಕಡಿಮೆ ಅದೇ ವಯಸ್ಸು. ಅದರ ಬೂದಿಯ ಪದರದ ಅಡಿಯಲ್ಲಿ ಒಂದು ಕಲ್ಲಿನ ಕೊಡಲಿ ಸಿಕ್ಕಿದೆ. ಗುಡ್ಡ ಬೆಂಕಿ ಉಗುಳಿದಾಗ ಅಲ್ಲಿ ಜನ ಇದ್ದರು ಅಂತಾಯಿತು. ಈ ವಿಷಯ ಗೊತ್ತಿದ್ದು ಬಜ್ ಬಿಮ್‌ಗೆ ಹೋದರೆ, ಹಣೆ ಮತ್ತು ಹಲ್ಲಿನ ಮಾತು ಬೇರೆಯೇ ರೀತಿ ಕೇಳಿಸುತ್ತದೆ. ಹಾಗಾಗಿ ಹೋಗುವಾಗಲೇ ನೋಡಿ, ಬರುವಾಗ ಅಲ್ಲ.