ಆಫೀಸರ್ ಅರ್ಜಿ ಮುಟ್ತಾನೇ ಇಲ್ವಾ? ರಿಟ್ಟಾ, ಸಿವಿಲ್ ದಾವೆನಾ

ಖಾತೆ ಬದಲಾವಣೆಗೆ ಅರ್ಜಿ ಹಾಕಿ ತಿಂಗಳುಗಟ್ಟಲೆ ಆಯ್ತು, ಕೇಳಿದ್ರೆ "ಸಾಹೇಬ್ರು ಮೀಟಿಂಗಲ್ಲಿದಾರೆ, ನಾಳೆ ಬನ್ನಿ" ಅಂತಾರೆ, ಇಂಥ ಕೇಸಿಗೆ ನನ್ ಓಟು ಹೈಕೋರ್ಟ್ ರಿಟ್‌ಗೇ. ಸಂವಿಧಾನದ 226ನೇ ವಿಧಿ ಕೆಳಗೆ ಮ್ಯಾಂಡಮಸ್ ಕೇಳೋದು, ಅಂದ್ರೆ ಕಾನೂನು ಪ್ರಕಾರ ಮಾಡ್ಲೇಬೇಕಾದ ಕೆಲಸ ಮಾಡು ಅಂತ ಅಧಿಕಾರಿಗೆ ಆದೇಶ. ಸಾಮಾನ್ಯವಾಗಿ ಅಫಿಡವಿಟ್ಟು, ದಾಖಲೆ ಮೇಲೇ ನಡೆಯುತ್ತೆ. ಬೆಂಗಳೂರಿಗೇ ಬರ್ಬೇಕಂತಿಲ್ಲ, ಧಾರವಾಡ, ಕಲಬುರಗಿಯಲ್ಲೂ ಪೀಠ ಇದೆ. ಆದ್ರೆ ಮೊದ್ಲು ಲಿಖಿತ ಮನವಿ ಕೊಟ್ಟು ಸೀಲು, ತಾರೀಕು ಇರೋ ಸ್ವೀಕೃತಿ ಇಟ್ಕೊಳ್ಳಿ, ಕೌಂಟರಲ್ಲಿ ಬಾಯಲ್ಲಿ ಹೇಳಿದ್ದಕ್ಕೆಲ್ಲ ಬೆಲೆ ಇಲ್ಲ.

ಒಂದು ಕೊಕ್ಕೆ ಇದೆ. ಕೋರ್ಟು ಬಹಳ ಸಲ "ಇಷ್ಟು ವಾರದೊಳಗೆ ಅರ್ಜಿ ಪರಿಗಣಿಸಿ" ಅಂತಷ್ಟೇ ಹೇಳುತ್ತೆ, ಖಾತೆ ಮಾಡ್ಕೊಡಿ ಅಂತಲ್ಲ, ಆಮೇಲೆ ಅವ್ರು ಕಾರಣ ಬರೆದು ತಿರಸ್ಕರಿಸಿದ್ರೂ ಆದೇಶ ಪಾಲಿಸಿದ ಹಾಗೇ ಲೆಕ್ಕ. ಏನೂ ಮಾಡ್ದೆ ಕೂತ್ರೆ ನ್ಯಾಯಾಂಗ ನಿಂದನೆ ಅರ್ಜಿ, ಅದನ್ನ 1 ವರ್ಷದೊಳಗೆ ಹಾಕ್ಬೇಕು.

ಜಾಗ ಯಾರದ್ದು ಅನ್ನೋದೇ ತಕರಾರಾದ್ರೆ ರಿಟ್ ವೇಸ್ಟು, ಸಿವಿಲ್ ಕೋರ್ಟಿಗೆ ಹೋಗಿ ಅಂತಾರೆ. ಅಲ್ಲಿ ಸಾಕ್ಷಿ, ಪಾಟೀಸವಾಲು ಎಲ್ಲಾ ಇದೆ, ನಷ್ಟ ಪರಿಹಾರನೂ ಕೇಳ್ಬಹುದು, ಆದ್ರೆ ಸರ್ಕಾರದ ಮೇಲೆ ದಾವೆ ಹೂಡೋ ಮುಂಚೆ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಸೆಕ್ಷನ್ 80 ನೋಟಿಸ್ ಕೊಟ್ಟು 2 ತಿಂಗಳು ಕಾಯ್ಬೇಕು (ತುರ್ತಿದ್ರೆ ಕೋರ್ಟ್ ಅನುಮತಿ ಕೇಳ್ಬಹುದು), ಆಮೇಲೆ ವಾಯಿದೆ ಮೇಲೆ ವಾಯಿದೆ.

ಹಾಂ, ನಿಮ್ ಕೆಲಸ ಸಕಾಲ (ಸರ್ಕಾರಿ ಸೇವೆ ನಿಗದಿತ ದಿನದೊಳಗೆ ಕೊಡ್ಲೇಬೇಕು ಅನ್ನೋ ರಾಜ್ಯದ ಕಾಯ್ದೆ) ಪಟ್ಟಿಲಿದ್ರೆ ಮೊದ್ಲು ಅಲ್ಲೇ ಮೇಲ್ಮನವಿ ಹಾಕಿ, ಇಲ್ಲಾಂದ್ರೆ ಹೈಕೋರ್ಟಲ್ಲಿ ಅದ್ಯಾಕೆ ಬಿಟ್ರಿ ಅನ್ನೋ ಪ್ರಶ್ನೆ ಬರುತ್ತೆ.