ಎಲಿಂಗ್ಟನ್‌ನ ಮೂರು ಸಿ.ಡಿ.: ಬಾಸ್ ಕೇಳಿಸಿದರೇ ಪೂರ್ತಿ

ಮೊದಲ ಸಿ.ಡಿ.ಯ ಮೊದಲ ಟ್ರ್ಯಾಕ್ ಬಿಟ್ಟು ಎರಡರಿಂದ ಶುರು ಮಾಡಿ. ಅಮೆರಿಕದ ಜಾಝ್ ಸಂಗೀತಗಾರ ಡ್ಯೂಕ್ ಎಲಿಂಗ್ಟನ್‌ನ ‘ನೆವರ್ ನೋ ಲಮೆಂಟ್’ ಸಂಕಲನವನ್ನು ಧ್ವನಿಮುದ್ರಣವಾದ ದಿನಾಂಕದ ಕ್ರಮದಲ್ಲಿ ಜೋಡಿಸಿದ್ದಾರೆ. ಹಾಗಾಗಿ ಬಾಗಿಲಲ್ಲೇ ಒಂದು ಸಪ್ಪೆ ಪ್ರೇಮಗೀತೆ ಎದುರಾಗುತ್ತದೆ. ಅದನ್ನು ಕೇಳಿ ‘ಇಷ್ಟೇನಾ’ ಅಂತ ಎತ್ತಿಟ್ಟುಬಿಟ್ಟರೆ ಕಳೆದುಕೊಳ್ಳುವುದು ಬಹಳ. ಎರಡನೆಯದು ‘ಜ್ಯಾಕ್ ದ ಬೇರ್’. ಬಾಸ್, ಅಂದರೆ ತಗ್ಗು ಸ್ವರದ ಆಳೆತ್ತರದ ತಂತಿವಾದ್ಯ, ಮುಂದೆ ಬಂದು ಮಾತಾಡುತ್ತದೆ, ಬ್ಯಾಂಡ್ ಉತ್ತರ ಕೊಡುತ್ತದೆ. ಮುಗಿಸುವಾಗಲೂ ಬಾಸೇ ಮುಂದು.

2003ರಲ್ಲಿ ಬಂದ ಈ ಮೂರು ಸಿ.ಡಿ.ಗಳಲ್ಲಿ 75 ಟ್ರ್ಯಾಕ್‌ಗಳಿವೆ. ಡ್ಯೂಕ್ ಎಲಿಂಗ್ಟನ್‌ನ ಬ್ಯಾಂಡ್ 1940ರ ಮಾರ್ಚಿನಿಂದ 1942ರ ಜುಲೈವರೆಗೆ ವಿಕ್ಟರ್ ಕಂಪನಿಗೆ ನುಡಿಸಿದ್ದು ಇದು. ಆಗಸ್ಟ್ 1ರಿಂದ ಅಮೆರಿಕದ ವಾದ್ಯಗಾರರ ಸಂಘ ಧ್ವನಿಮುದ್ರಣವನ್ನೇ ನಿಲ್ಲಿಸಿತು, ಸಂಕಲನವೂ ಅಲ್ಲಿಗೆ ನಿಲ್ಲುತ್ತದೆ. ಬಾಸ್ ನುಡಿಸಿದ ಜಿಮ್ಮಿ ಬ್ಲಾಂಟನ್ ಆ ಜುಲೈ ಕೊನೆಯಲ್ಲೇ ಕ್ಷಯದಿಂದ ತೀರಿಕೊಂಡ, ಇನ್ನೂ 23 ವರ್ಷ. ಕೊನೆಕೊನೆಯ ಟ್ರ್ಯಾಕ್‌ಗಳಲ್ಲಿ ಅವನಿಲ್ಲ, ಅದು ಗೊತ್ತಾಗುತ್ತದೆ.

‘ಕೋ-ಕೋ’ ಕೇಳುವಾಗ ಆದಿತಾಳ ಹಾಕಿ ಕೂರಿ. ಆರು ಆವರ್ತಕ್ಕೆ ಒಂದು ಸುತ್ತು, ಅಂಥವು ಏಳು. ಹಿಂದೆ ಮುಂದೆ ಸ್ವಲ್ಪ ಪೀಠಿಕೆ, ಮುಕ್ತಾಯ. ಹ್ಯಾರಿ ಕಾರ್ನಿಯ ಬ್ಯಾರಿಟೋನ್ ಸ್ಯಾಕ್ಸ್ ತಳದಲ್ಲಿ ಒಂದೇ ಸ್ವರ ಹಿಡಿಯುತ್ತದೆ. ಹ್ವಾನ್ ಟಿಝೋಲ್‌ನ ಟ್ರಾಂಬೋನ್ (ಹಿತ್ತಾಳೆಯ ಊದುವಾದ್ಯ) ಕೇಳಿದ್ದಕ್ಕೆ ಸ್ಯಾಕ್ಸ್ ಸಾಲು ಜವಾಬು ಹೇಳುತ್ತದೆ. ಎರಡು, ಮೂರನೇ ಸುತ್ತು ಜೋ ನ್ಯಾಂಟನ್‌ನದು. ಟ್ರಾಂಬೋನಿನ ಬಾಯೊಳಗೆ ಸದ್ದು ಅದುಮುವ ಪುಟ್ಟ ಮ್ಯೂಟ್ ಸಿಕ್ಕಿಸಿ, ಹೊರಗಿನಿಂದ ಸಿಂಕ್ ಕಟ್ಟಿದಾಗ ಒತ್ತುತ್ತೇವಲ್ಲ, ಆ ರಬ್ಬರ್ ಬಟ್ಟಲನ್ನು ಮುಚ್ಚಿ ತೆರೆದು ‘ಯಾ ಯಾ’ ಅನ್ನಿಸುತ್ತಾನೆ. ಮನುಷ್ಯನ ಗಂಟಲೇ ಸೈ! ಚೆಂಡೆ ಏರಿದ ಹಾಗೆ ಸುತ್ತಿನಿಂದ ಸುತ್ತಿಗೆ ಒಂದೊಂದು ಪದರ ಏರುತ್ತದೆ. ಆರನೆಯದರಲ್ಲಿ ಎಲ್ಲರೂ ತಟ್ಟನೆ ನಿಂತು ಬ್ಲಾಂಟನ್‌ಗೆ ಜಾಗ ಬಿಡುತ್ತಾರೆ. ಇಷ್ಟೆಲ್ಲ ಮೂರು ನಿಮಿಷದೊಳಗೆ, ನಿಮಿಷಕ್ಕೆ 78 ಸುತ್ತು ತಿರುಗುವ ಹಳೆಯ ತಟ್ಟೆಯ ಒಂದು ಮಗ್ಗುಲಿಗೆ ಹಿಡಿಯುವಷ್ಟರಲ್ಲಿ.

ಕದ್ರಿ ಗೋಪಾಲನಾಥರ ಸ್ಯಾಕ್ಸ್ ಕೇಳಿ ಬೆಳೆದವರಿಗೆ ‘ಕಾಟನ್ ಟೇಲ್’ನಲ್ಲಿ ಬೆನ್ ವೆಬ್‌ಸ್ಟರ್‌ನ ಟೆನರ್ ಸ್ಯಾಕ್ಸ್ ಒರಟಾಗಿ ಕೇಳೀತು. ಎರಡು ಸಲ ಕೇಳಿ. ಹಾಡುಗಾರಿಕೆಯಲ್ಲಿ ಐವಿ ಆಂಡರ್ಸನ್‌ಳದು ಚೆನ್ನ, ಉಳಿದವರ ಹಾಡು ಹಾರಿಸಿದರೂ ನಡೆಯುತ್ತದೆ.

ಇನ್ನು ಕೇಳುವ ಬಗೆ. ಮೊಬೈಲಿನ ಸ್ಪೀಕರಿನಲ್ಲಿ ಬ್ಲಾಂಟನ್ ಇರುವುದೇ ಇಲ್ಲ. ಆಗುಂಬೆ ಕಡೆ ಜಡಿಮಳೆ ತಗಡಿನ ಮೇಲೆ ಬೀಳುವಾಗ ದೊಡ್ಡ ಸ್ಪೀಕರಿದ್ದರೂ ಕಷ್ಟ, ಕಿವಿ ಮುಚ್ಚುವ ಹೆಡ್‌ಫೋನೇ ವಾಸಿ. ಸ್ಪೀಕರ್ ಜೋಡಿಯಲ್ಲಿ ಬಾಸ್ ಕಾಣೆಯಾಗಿ ಉಳಿದದ್ದು ತೆಳ್ಳಗೆ ಕೇಳಿದರೆ ಸಿ.ಡಿ.ಯನ್ನು ಬೈಯಬೇಡಿ, ಹಿಂದಿನ ವೈರ್ ನೋಡಿ. ಒಂದು ಸ್ಪೀಕರಿನ ಕೆಂಪು-ಕಪ್ಪು ಅದಲುಬದಲಾಗಿರುತ್ತದೆ. ಇದು ಮೋನೊ ಮುದ್ರಣ, ಎರಡೂ ಕಡೆ ಒಂದೇ ಧ್ವನಿ. ಒಂದು ಸ್ಪೀಕರಿನ ಕೋನ್ (ಅದುರುವ ಪರದೆ) ಮುಂದೆ ತಳ್ಳುವಾಗ ಇನ್ನೊಂದು ಹಿಂದಕ್ಕೆ ಎಳೆದರೆ ತಗ್ಗು ಸ್ವರಗಳು ಪರಸ್ಪರ ಅಳಿಸಿಹೋಗುತ್ತವೆ. ಬದಲಾಗಿ ಎಲ್ಲ ಸ್ವರವೂ ‘ದುಂಯ್’ ಅಂತ ಒಂದೇ ತರಹ ಕೇಳಿದರೆ ಸ್ಪೀಕರ್ ಮೂಲೆಗೆ ಅಂಟಿದೆ, ಗೋಡೆಯಿಂದ ಒಂದೂವರೆ ಅಡಿ ಈಚೆಗೆ ತನ್ನಿ. ಬಾಸ್ ಬೂಸ್ಟ್, ಸರೌಂಡ್ ಎರಡನ್ನೂ ಆಫ್ ಮಾಡಿ.

1986ರ ಹಳೆಯ ಆವೃತ್ತಿ 66 ಟ್ರ್ಯಾಕ್‌ಗಳದು. ಕಡಿಮೆಗೆ ಸಿಕ್ಕರೂ ಬೇಡ, ಅದರ ಧ್ವನಿಗೆ ಮಬ್ಬು ಕವಿದಿದೆ. ಹೊಸದರಲ್ಲಿ ಸರ್ ಎನ್ನುವ ಸದ್ದು ಸ್ವಲ್ಪ ಉಳಿದಿದೆ ನಿಜ, ಆದರೆ ಬಾಸಿನ ತಂತಿ ಮೀಟಿದ ಪೆಟ್ಟು ಸ್ಪಷ್ಟ.

ಜೂನ್ ಬರುವ ಮೊದಲು ಸಿ.ಡಿ. ಪೆಟ್ಟಿಗೆಯನ್ನು ಮುಚ್ಚಳ ಬಿಗಿಯುವ ಡಬ್ಬಿಗೆ ಹಾಕಿ, ಸಿಲಿಕಾ ಜೆಲ್ ಪೊಟ್ಟಣ ನಾಲ್ಕಾರು ಇಡಿ. ಗೋಡೆ ಬೀರುವಿನಲ್ಲಿ ಬಿಟ್ಟರೆ ಶ್ರಾವಣದ ಹೊತ್ತಿಗೆ ಪುಸ್ತಿಕೆಗೆ ಬೂಷ್ಟು ಹಿಡಿದು ಹಾಳೆಗಳು ಅಂಟಿಕೊಳ್ಳುತ್ತವೆ. ಸಿ.ಡಿ. ಒರೆಸುವುದಾದರೆ ಮೆತ್ತನೆಯ ಹತ್ತಿ ಬಟ್ಟೆಯಲ್ಲಿ ನಡುವಿನಿಂದ ಅಂಚಿಗೆ ನೇರವಾಗಿ ಎಳೆಯಿರಿ. ದುಂಡಗೆ ತಿಕ್ಕಿದರೆ ಬೀಳುವ ಗೀರು ದತ್ತಾಂಶದ ದಾರಿಯುದ್ದಕ್ಕೂ ಹೋಗುತ್ತದೆ, ಪ್ಲೇಯರಿಗೆ ಅದನ್ನು ತುಂಬಿಕೊಳ್ಳಲಾಗದೆ ಟ್ರ್ಯಾಕ್ ಹಾರುತ್ತದೆ.