ತುಮಕೂರು ಎಂ.ಜಿ. ರಸ್ತೆಯ ರಿಪೇರಿ ಅಂಗಡಿ: ದನಿ ನಿಂತಿದ್ದ ಮೈಕು, 180 ರೂಪಾಯಿ

ರಾತ್ರಿ ಹತ್ತು ಗಂಟೆ. ನಾನೂ ತಮ್ಮನೂ ಆನ್‌ಲೈನ್‌ನಲ್ಲಿ ವ್ಯಾಲರಂಟ್ ಅನ್ನುವ ಶೂಟಿಂಗ್ ಆಟ ಆಡ್ತಾ ಇದ್ದೆವು. ಎದುರಾಳಿ ಇಬ್ಬರು ನಾನಿದ್ದ ಕಡೆಯಿಂದಲೇ ನುಗ್ಗಿದರು. "ಬಂದ್ರು, ಬಂದ್ರು, ಎಡಗಡೆ!" ಅಂತ ಕೂಗಿದೆ. ತಮ್ಮ ತಿರುಗಿಯೂ ನೋಡಲಿಲ್ಲ. ರೌಂಡ್ ಮುಗಿದ ಮೇಲೆ ಅವನ ದನಿ ನನ್ನ ಕಿವಿಗೆ ಚೆನ್ನಾಗಿಯೇ ಬಂತು. "ಅಕ್ಕಾ, ಯಾಕೆ ಸುಮ್ನಿದ್ದೀಯಾ? ನಿನ್ ದನೀನೇ ಬರ್ತಿಲ್ಲ."

ನಾನು ಬಟವಾಡಿಯ ಎಪಿಎಂಸಿ ಯಾರ್ಡಿನಲ್ಲಿ ಒಂದು ಮಂಡಿಯ ಲೆಕ್ಕ ಬರೆಯುತ್ತೇನೆ. ತಮ್ಮ ಪುಣೆಯಲ್ಲಿ ಕೆಲಸಕ್ಕಿದ್ದಾನೆ. ಫೋನ್ ಮಾಡಿದರೆ "ಊಟ ಆಯ್ತು, ಎಲ್ಲಾ ಚೆನ್ನಾಗಿದೆ" ಅಂದು ಎರಡು ನಿಮಿಷಕ್ಕೆ ಇಟ್ಟುಬಿಡುತ್ತಾನೆ. ಆಟಕ್ಕೆ ಕೂತಾಗ ಹಾಗಲ್ಲ. ಒಂದು ಮ್ಯಾಚ್ ಮುಗಿದು ಇನ್ನೊಂದು ಶುರುವಾಗುವ ಮಧ್ಯೆ ರೂಮಿನ ಬಾಡಿಗೆ, ಮ್ಯಾನೇಜರ್ ಕಾಟ, ಅಲ್ಲಿನ ಮಳೆ, ಅಮ್ಮನ ಮೊಣಕಾಲು, ಎಲ್ಲ ಮಾತೂ ತಾನಾಗೇ ಬರುತ್ತದೆ. ವಾರಕ್ಕೆ ನಾಲ್ಕು ದಿನ ನಾವು ಹೀಗೇ ಮಾತಾಡೋದು. ಅದಕ್ಕೇ ನನ್ನ ಹೆಡ್‌ಸೆಟ್ಟಿನ ಮೈಕ್ ನಿಂತಿದ್ದು ನನಗೆ ದೊಡ್ಡ ತೊಂದರೆಯಾಯಿತು. ಅದನ್ನು ಸರಿಮಾಡಿಕೊಟ್ಟ ಅಂಗಡಿಯ ಬಗ್ಗೆ ಬರೆಯಲೇಬೇಕು ಅನಿಸಿದ್ದೂ ಅದಕ್ಕೇ.

ಹೆಡ್‌ಸೆಟ್ಟಿಗೆ ಕೊಟ್ಟಿದ್ದು 2,400 ರೂಪಾಯಿ. ವೈರ್ ಇರುವಂಥದ್ದು, ಎಡ ಕಿವಿಯ ಬಟ್ಟಲಿನಿಂದ ಮೈಕಿನ ಕಡ್ಡಿ ಮುಂದಕ್ಕೆ ಬರುತ್ತದೆ. ಬೇಡದಾಗ ಮೇಲಕ್ಕೆ ಮಡಚಬಹುದು. ಒಂದು ವರ್ಷದ ವಾರಂಟಿ ಮುಗಿದು ಎರಡು ತಿಂಗಳಾಗಿತ್ತು.

ಮೊದಲು ಮನೆಯಲ್ಲೇ ನೋಡಿದೆ. ವೈರಿನ ಮೇಲಿರುವ ಮ್ಯೂಟ್ ಗುಂಡಿ ಸರಿಯಾಗಿಯೇ ಇತ್ತು. ಆಮೇಲೆ ಪಿನ್. ಈ ಹೆಡ್‌ಸೆಟ್ಟಿನದು 3.5 ಮಿ.ಮೀ. ಪಿನ್, ಅದರಲ್ಲಿ ಮೂರು ಕಪ್ಪು ಗೆರೆ. ಮೂರು ಗೆರೆ ಅಂದರೆ ನಾಲ್ಕು ಭಾಗ. ತುದಿ ಎಡ ಕಿವಿಗೆ, ಎರಡನೆಯದು ಬಲ ಕಿವಿಗೆ, ಮೂರನೆಯದು ಗ್ರೌಂಡ್ (ಎಲ್ಲಕ್ಕೂ ಸೇರಿದ ವಾಪಸ್ ದಾರಿ), ಬುಡದ್ದು ಮೈಕಿಗೆ. ನನ್ನ ಹಾಗೆ ಹಳೇ ಡೆಸ್ಕ್‌ಟಾಪ್ ಇರುವವರಿಗೆ ಕೇಳಿಸುವುದಕ್ಕೆ ಹಸಿರು ತೂತು ಬೇರೆ, ಮೈಕಿಗೆ ಗುಲಾಬಿ ತೂತು ಬೇರೆ. ಈ ಪಿನ್ನನ್ನು ನೇರವಾಗಿ ಹಸಿರಿಗೆ ಚುಚ್ಚಿದರೆ ಕೇಳಿಸುತ್ತದೆ, ಆದರೆ ಮೈಕ್ ಕೆಲಸ ಮಾಡಲ್ಲ. ಒಂದನ್ನು ಎರಡು ಮಾಡುವ ವೈ ಆಕಾರದ ವೈರ್ ಬೇಕು. ಹೊಸದಾಗಿ ತಗೊಂಡವರು ಜಾಸ್ತಿ ಇಲ್ಲೇ ಎಡವುತ್ತಾರೆ. ನನ್ನ ಹತ್ತಿರ ಆ ವೈರ್ ಇತ್ತು, ಒಂದು ವರ್ಷದಿಂದ ಅದರಲ್ಲೇ ನಡೀತಿತ್ತು.

ಆಮೇಲೆ ವಿಂಡೋಸ್. ಸೆಟ್ಟಿಂಗ್ಸ್‌ನ ಸೌಂಡ್‌ನಲ್ಲಿ ಇನ್‌ಪುಟ್ ನೋಡಿದರೆ ಅದು ವೆಬ್‌ಕ್ಯಾಮಿನ ಮೈಕನ್ನು ಹಿಡಿದು ಕೂತಿತ್ತು. ಸಿಕ್ತು ಅಂದುಕೊಂಡೆ. ಹೆಡ್‌ಸೆಟ್ಟಿಗೆ ಬದಲಾಯಿಸಿದೆ. ಮಾತಾಡಿದರೆ ಏಳಬೇಕಾದ ಆ ಸಣ್ಣ ಪಟ್ಟಿ ಅಲುಗಾಡಲೇ ಇಲ್ಲ. ಪ್ರೈವೆಸಿ ಅಂಡ್ ಸೆಕ್ಯುರಿಟಿಯ ಒಳಗೆ ಮೈಕ್ರೋಫೋನ್ ಅಂತ ಇದೆ. ಡೆಸ್ಕ್‌ಟಾಪ್ ಆ್ಯಪ್‌ಗಳಿಗೆ ಮೈಕ್ ಬಿಡಬೇಕಾ ಬೇಡವಾ ಅಂತ ಅಲ್ಲಿ ಕೇಳುತ್ತದೆ. ಅದು ಆನ್ ಇತ್ತು. ಆಡುವಾಗ ಮಾತಾಡುವ ಆ್ಯಪ್ ಡಿಸ್ಕಾರ್ಡ್‌ನಲ್ಲಿ ವಾಯ್ಸ್ ಸೆಟ್ಟಿಂಗ್ಸ್ ಮೊದಲಿನಿಂದ ರಿಸೆಟ್ ಮಾಡಿದೆ. ಏನೂ ಇಲ್ಲ.

ಕೊನೆಗೆ ಅಮ್ಮನ ಹಳೇ ಫೋನ್ ತಂದೆ. ಅದರಲ್ಲಿ ಇನ್ನೂ ಹೆಡ್‌ಫೋನ್ ತೂತು ಇದೆ. ಹೆಡ್‌ಸೆಟ್ ಚುಚ್ಚಿ, ರೆಕಾರ್ಡರ್ ಹಾಕಿ, "ಒಂದು ಎರಡು ಮೂರು" ಅಂದೆ. ತಿರುಗಿ ಕೇಳಿದರೆ ನನ್ನ ದನಿ ಸ್ಪಷ್ಟವಾಗಿ ಇತ್ತು! ಅಲ್ಲಿಗೆ ಹೆಡ್‌ಸೆಟ್ ಸರಿಯಿದೆ, ಕಂಪ್ಯೂಟರೇ ಕೆಟ್ಟಿದೆ ಅಂತ ತೀರ್ಮಾನಿಸಿದೆ. ಎರಡು ಸಂಜೆ ಸೌಂಡ್ ಡ್ರೈವರ್ ಅನ್ನುವ ಸಾಫ್ಟ್‌ವೇರ್ ತೆಗೆದು ಮತ್ತೆ ಹಾಕುವುದರಲ್ಲೇ ಹೋಯಿತು. ಮೂರನೇ ದಿನ ಒಂದು ಕಂಪ್ಯೂಟರ್ ಅಂಗಡಿಗೆ ಹೋಗಿ ಇದನ್ನೇ ಹೇಳಿದೆ. ಅವರು ಹೆಡ್‌ಸೆಟ್ಟನ್ನು ಕೈಗೂ ತೆಗೆದುಕೊಳ್ಳದೆ "ಸೌಂಡ್ ಕಾರ್ಡ್ ಹೋಗಿದೆ ಮೇಡಂ" ಅಂತ ಯುಎಸ್‌ಬಿಗೆ ಹಾಕುವ ಒಂದು ಸಣ್ಣ ಸೌಂಡ್ ಕಾರ್ಡ್ ಕೊಟ್ಟರು. 400 ರೂಪಾಯಿ. ಮನೆಗೆ ಬಂದು ಹಾಕಿದೆ. ಆಗಲೂ ಮೈಕ್ ಸತ್ತಂತೆಯೇ ಇತ್ತು. ಅವತ್ತು ರಾತ್ರಿ ತಮ್ಮ ಮಾತಾಡ್ತಾ ಹೋದ, ನಾನು ಉತ್ತರ ಟೈಪ್ ಮಾಡ್ತಾ ಹೋದೆ. ಅರ್ಧ ಗಂಟೆಗೆ ಇಬ್ಬರಿಗೂ ಸಾಕಾಯಿತು.

ಈ ಅಂಗಡಿಯನ್ನು ಹೇಳಿದ್ದು ನಮ್ಮ ಮಂಡಿಯಲ್ಲಿ ತೂಕದ ಯಂತ್ರ ನೋಡಿಕೊಳ್ಳುವ ಹುಡುಗ. ಟೌನ್ ಹಾಲ್ ಕಡೆಯಿಂದ ಎಂ.ಜಿ. ರಸ್ತೆಗೆ ಬಂದರೆ ಸಾಲಾಗಿ ಮೊಬೈಲ್ ಅಂಗಡಿಗಳು. ಅವುಗಳ ನಡುವಿನ ಒಂದು ಅಡ್ಡರಸ್ತೆಯ ಒಳಗೆ, ಟೈಲರ್ ಅಂಗಡಿಯ ಪಕ್ಕ, ಎಂಟಡಿ ಅಗಲದ ಒಂದು ಮಳಿಗೆ. ಬೋರ್ಡಿನ ಬಣ್ಣ ಹೋಗಿ ಹೆಸರು ಓದಲಾಗುವುದಿಲ್ಲ. ಅಂಗಡಿಯವರು ಮೊದಲು ರೇಡಿಯೋ, ಟೇಪ್ ರೆಕಾರ್ಡರ್ ರಿಪೇರಿ ಮಾಡ್ತಿದ್ದವರು. ಈಗ ಮಿಕ್ಸಿಯಿಂದ ಹಿಡಿದು ಇಯರ್‌ಫೋನ್ ತನಕ ಎಲ್ಲ ಬರುತ್ತದೆ. ವಯಸ್ಸು ಐವತ್ತೈದರ ಮೇಲಿರಬೇಕು. ಕನ್ನಡಕವನ್ನು ಹಣೆ ಮೇಲೆ ಏರಿಸಿಕೊಂಡು, ಮುಂದೆ ಇನ್ನೊಂದು ಭೂತಗನ್ನಡಿ ಇಟ್ಟುಕೊಂಡು ಕೆಲಸ ಮಾಡುತ್ತಾರೆ.

ನಡೆದದ್ದೆಲ್ಲ ಹೇಳಿದೆ. ಮಧ್ಯೆ ಬಾಯಿ ಹಾಕದೆ ಪೂರ್ತಿ ಕೇಳಿದರು. ಆಮೇಲೆ ಒಂದೇ ಪ್ರಶ್ನೆ. "ಫೋನಲ್ಲಿ ನೋಡುವಾಗ ಮೈಕನ್ನ ಉಗುರಲ್ಲಿ ಕೆರೆದ್ರೇನಮ್ಮಾ?"

ಇಲ್ಲ ಅಂದೆ. ಅವರು ಮೇಜಿನ ಮೇಲಿದ್ದ ಒಂದು ಫೋನಿಗೆ ಹೆಡ್‌ಸೆಟ್ ಚುಚ್ಚಿ ರೆಕಾರ್ಡರ್ ಹಾಕಿದರು. ಮೈಕಿನ ತುದಿಯ ಸ್ಪಂಜನ್ನು ಉಗುರಿನಿಂದ ಕರಕರ ಕೆರೆದರು. ಆಮೇಲೆ ಫೋನಿನ ಕೆಳಭಾಗವನ್ನು ಹಾಗೇ ಕೆರೆದರು. ತಿರುಗಿ ಹಾಕಿದಾಗ ಮೊದಲನೆಯದು ಕೇಳಿಸಲೇ ಇಲ್ಲ. ಎರಡನೆಯದು ಮರ ಕೊಯ್ದ ಹಾಗೆ ಕೇಳಿಸಿತು.

"ಮೈಕಿನ ತಂತಿ ಪೂರ್ತಿ ಕಿತ್ತೋಗಿದ್ರೆ ಕೆಲವು ಫೋನು ಇದು ಬರೀ ಹೆಡ್‌ಫೋನು ಅಂದ್ಕೊಳ್ತವೆ. ಆಗ ತಮ್ ಮೈಕಲ್ಲೇ ರೆಕಾರ್ಡ್ ಮಾಡ್ತವೆ. ನಿಮಗೆ ಕೇಳ್ಸಿದ್ದು ಫೋನಿನ ಮೈಕು." ಪರದೆಯ ಮೇಲಿನ ಸಣ್ಣ ಗುರುತನ್ನೂ ತೋರಿಸಿದರು. ಹೆಡ್‌ಫೋನ್ ಚಿತ್ರ ಬಂದಿತ್ತು, ಮೈಕಿನ ಕಡ್ಡಿ ಇರಲಿಲ್ಲ. ಬೇರೆ ಒಂದು ಸರಿಯಾದ ಇಯರ್‌ಫೋನ್ ಹಾಕಿದರು. ಈಗ ಅದೇ ಚಿತ್ರಕ್ಕೆ ಕಡ್ಡಿ ಬಂತು.

ನನಗೆ ಮೈ ಜುಂ ಅಂತು. ಎರಡು ಸಂಜೆ, 400 ರೂಪಾಯಿ, ಎಲ್ಲ ಹೋಗಿದ್ದು ಆ ಒಂದು ಪರೀಕ್ಷೆಯನ್ನು ನಂಬಿ. ನೀವು ಫೋನಿಗೆ ಹಾಕಿ ನೋಡುವುದಾದರೆ ದಯವಿಟ್ಟು ಮಾತಾಡಿ ನೋಡಬೇಡಿ. ಕೆರೆದು ನೋಡಿ.

ಮೈಕ್ ಯಾಕೆ ಇಷ್ಟು ಪೂರ್ತಿ ಸತ್ತಿತು ಅಂತ ಕೇಳಿದೆ. ಇಂಥ ಹೆಡ್‌ಸೆಟ್ಟಿನ ಮೈಕಿನ ಒಳಗೆ ಹೆಸರುಕಾಳಿಗಿಂತ ಸ್ವಲ್ಪ ದೊಡ್ಡದಾದ ಒಂದು ಲೋಹದ ಡಬ್ಬಿ ಇರುತ್ತದಂತೆ. ಅದು ತಾನಾಗೇ ಕೆಲಸ ಮಾಡಲ್ಲ. ಕಂಪ್ಯೂಟರ್ ಕಡೆಯಿಂದ ಎರಡೋ ಮೂರೋ ವೋಲ್ಟ್ ಅದಕ್ಕೆ ಹೋಗುತ್ತಿರಬೇಕು. ಎರಡು ತಂತಿಯಲ್ಲಿ ಒಂದು ಕಿತ್ತರೂ ಮುಗೀತು, ಸಣ್ಣ ದನಿಯೂ ಬರಲ್ಲ.

ಕಿತ್ತಿದ್ದು ಎಲ್ಲಿ ಅಂತ ಹುಡುಕಿದ್ದು ನೋಡಲೇ ಚೆಂದ ಇತ್ತು. ಎಡ ಕಿವಿಯ ಮೆತ್ತೆಯನ್ನು ಬೆರಳಿನಿಂದಲೇ ಸುತ್ತ ಬಿಡಿಸಿದರು. ಒಳಗೆ ನಾಲ್ಕು ಸ್ಕ್ರೂ. ಬಿಚ್ಚಿದ ಒಂದೊಂದು ಸ್ಕ್ರೂವನ್ನೂ ಔಷಧಿ ಬಾಟಲಿಯ ಮುಚ್ಚಳದಲ್ಲಿ ಹಾಕಿಟ್ಟರು. ತಂತಿ ಕೂಡಿದ್ದರೆ ಬೀಪ್ ಅನ್ನುವ ಮಲ್ಟಿಮೀಟರಿನ ಒಂದು ಕಡ್ಡಿ ಪಿನ್ನಿನ ಬುಡಕ್ಕೆ, ಇನ್ನೊಂದು ಒಳಗಿನ ಸಣ್ಣ ಬೋರ್ಡಿಗೆ. ಬೀಪ್ ಬಂತು. "ಇಲ್ಲಿವರ್ಗೂ ಚೆನ್ನಾಗಿದೆ." ಬೋರ್ಡಿನಿಂದ ಮೈಕಿನ ಡಬ್ಬಿಗೆ, ಒಂದು ತಂತಿ ಬೀಪ್ ಅಂತು. ಇನ್ನೊಂದಕ್ಕೆ ಮೀಟರ್ ಸುಮ್ಮನಾಯಿತು. ಮೈಕಿನ ಕಡ್ಡಿಯನ್ನು ನಿಧಾನಕ್ಕೆ ಮೇಲೆ ಕೆಳಗೆ ಆಡಿಸಿದರು. ಬುಡದಲ್ಲಿ ಅದು ತಿರುಗುವ ಜಾಗಕ್ಕೆ ಭೂತಗನ್ನಡಿ ಹಿಡಿದು ನನ್ನನ್ನು ಕರೆದರು. ಕೂದಲಿನಷ್ಟು ತೆಳುವಾದ ತಂತಿಯ ಎಳೆಗಳು ಬೇಲಿಗೆ ಸಿಕ್ಕಿದ ದಾರದ ಹಾಗೆ ಕೆದರಿ ನಿಂತಿದ್ದವು.

"ದಿನಾ ಮಡಚ್ತೀರಾ?"

ಹೌದು. ಅಮ್ಮ ಕರೆದಾಗಲೆಲ್ಲ ಮೈಕ್ ಮೇಲಕ್ಕೆ ಮಡಚಿ ಏಳುತ್ತಿದ್ದೆ. ದಿನಕ್ಕೆ ಹತ್ತು ಸಲ ಆದರೂ ಆಗುತ್ತಿತ್ತು. ಹೀಗೆ ಬಂದವು ಜಾಸ್ತಿ ಅಲ್ಲೇ ತುಂಡಾಗಿರುತ್ತವೆ, ಇಲ್ಲದಿದ್ದರೆ ಪಿನ್ನಿನ ಕುತ್ತಿಗೆಯಲ್ಲಿ ಅಂದರು.

ಅಂಗಡಿಯ ಮೂಲೆಯಲ್ಲಿ ಒಂದು ಬಿಸ್ಕತ್ ಡಬ್ಬಿ. ಅದರ ತುಂಬ ಕೆಟ್ಟ ಇಯರ್‌ಫೋನ್‌ಗಳು. ಒಂದರಿಂದ ಒಂದು ಗೇಣು ತಂತಿ ತೆಗೆದರು. ಮುರಿಯದೆ ಉಳಿದಿದ್ದ ಹಳೇ ತಂತಿಯ ತುದಿಗೆ ಹೊಸದನ್ನು ಕಟ್ಟಿ, ಲಂಗಕ್ಕೆ ಲಾಡಿ ಪೋಣಿಸಿದ ಹಾಗೆ ಕಡ್ಡಿಯ ಒಳಗಿಂದ ಎಳೆದುಕೊಂಡರು. ಈ ತಂತಿಗಳ ಮೇಲೆ ಕೆಂಪು, ಹಸಿರು ಬಣ್ಣದ ವಾರ್ನಿಷ್ ಇರುತ್ತದೆ, ಒಳಗೆ ನೈಲಾನ್ ದಾರವೂ ಸೇರಿರುತ್ತದೆ. ಮನೆಯಲ್ಲಿ ಸುಮ್ನೆ ಸುತ್ತಿ ಟೇಪ್ ಹಚ್ಚಿದರೆ ತಾಗುವುದೇ ಇಲ್ಲ, ವಾರ್ನಿಷ್ ತಡೆಯುತ್ತದೆ. ಅವರು ಸೋಲ್ಡರಿಂಗ್ ಕಡ್ಡಿಯ ತುದಿಯಲ್ಲಿ ಒಂದು ಹನಿ ಸೀಸ ಇಟ್ಟು, ತಂತಿಯನ್ನು ಅದರೊಳಗೆ ಅದ್ದಿ ಹಿಡಿದರು. ಸಣ್ಣ ಹೊಗೆ ಎದ್ದು ವಾರ್ನಿಷ್ ಸುಟ್ಟಿತು, ತುದಿ ಬೆಳ್ಳಿಯ ಹಾಗೆ ಹೊಳೆಯಿತು. ಮೈಕಿನ ಡಬ್ಬಿಗೆ ಮಾತ್ರ ಎರಡು ಸೆಕೆಂಡಿಗಿಂತ ಜಾಸ್ತಿ ಕಾವು ತಾಗಿಸಲಿಲ್ಲ. ಕಾವು ಹೆಚ್ಚಾದರೆ ಅದು ಒಳಗೇ ಕೆಡುತ್ತದಂತೆ. ಡಬ್ಬಿಯ ಮೈಗೆ ಸೇರಿಕೊಂಡಿರುವ ಬಿಂದು ಗ್ರೌಂಡು, ಅದನ್ನು ಅದಲು ಬದಲು ಮಾಡಬಾರದು ಅಂತಲೂ ತೋರಿಸಿದರು.

ಮುಚ್ಚುವ ಮೊದಲು ಇನ್ನೊಂದು ಕೆಲಸ ಮಾಡಿದರು. ತಿರುಗುವ ಜಾಗದ ಪಕ್ಕ ತಂತಿಗೆ ಒಂದು ಸುತ್ತು ಸಡಿಲ ಬಿಟ್ಟರು. ಕಂಪನಿಯವರು ತಂತಿಯನ್ನು ಬಿಗಿಯಾಗಿ ಎಳೆದು ಹಾಕಿದ್ದರು, ಮಡಚಿದಾಗಲೆಲ್ಲ ಅದು ಜಗ್ಗುತ್ತಿತ್ತು. ನಾನು ಕೇಳದೇ ಮಾಡಿದ ಕೆಲಸ ಇದು. ಹೊರಗಿನಿಂದ ನೋಡಿದರೆ ಯಾರಿಗೂ ಗೊತ್ತಾಗಲ್ಲ. ಈ ಅಂಗಡಿಯ ಮೇಲೆ ನನಗೆ ಗೌರವ ಹುಟ್ಟಿದ್ದು ಇಲ್ಲೇ.

ಆಮೇಲೆ ಹೆಡ್‌ಸೆಟ್ ನನ್ನ ಕೈಗೇ ಕೊಟ್ಟರು. "ನೀವೇ ಕೆರೀರಿ." ಕೆರೆದೆ. ಕೇಳಿಸಿತು.

ಒಟ್ಟು ಮುಕ್ಕಾಲು ಗಂಟೆ. 180 ರೂಪಾಯಿ. ಕೊಂಡ ಯುಎಸ್‌ಬಿ ಸೌಂಡ್ ಕಾರ್ಡ್ ತೋರಿಸಿದಾಗ "ಇಟ್ಕೊಳ್ಳಿ, ಕಂಪ್ಯೂಟರ್ ತೂತು ಸಡಿಲ ಆದಾಗ ಬೇಕಾಗುತ್ತೆ" ಅಂದರೇ ಹೊರತು ಮಾರಿದವರ ಬಗ್ಗೆ ಒಂದು ಮಾತೂ ಆಡಲಿಲ್ಲ. ಇನ್ನು ಮೇಲೆ ಮೈಕ್ ಮಡಚಬೇಡಿ, ವೈರಿನ ಮೇಲಿನ ಗುಂಡಿಯನ್ನೇ ಒತ್ತಿ ಅಂದರು. ಹಾಗೇ ಮಾಡ್ತಿದ್ದೇನೆ. ಮೂರು ತಿಂಗಳಾಯಿತು, ಒಂದು ದಿನವೂ ತೊಂದರೆ ಕೊಟ್ಟಿಲ್ಲ. ಮೊದಲಿಗಿಂತ ದನಿ ಒಂದು ಚೂರು ಕಡಿಮೆ ಅಂತ ತಮ್ಮ ಅಂದಿದ್ದ. ವಿಂಡೋಸ್‌ನಲ್ಲಿ ಮೈಕಿನ ವಾಲ್ಯೂಮ್ ಏರಿಸಿದ ಮೇಲೆ ಸರಿಹೋಯಿತು.

ಕೊರತೆಗಳೂ ಇವೆ, ಹೇಳಬೇಕು. ಕೂರಲು ಜಾಗ ಇಲ್ಲ, ಬಾಗಿಲಲ್ಲೇ ನಿಂತಿರಬೇಕು. ಬಿಲ್ ಕೊಡಲ್ಲ. ಮತ್ತೆ ಕೆಟ್ಟರೆ ತನ್ನಿ ಅನ್ನುವ ಮಾತೇ ವಾರಂಟಿ. ಒಬ್ಬರೇ ಇರುವುದರಿಂದ ಮಿಕ್ಸಿ ಜಾಸ್ತಿ ಬಂದ ದಿನ ನಿಮ್ಮದನ್ನು ಇಟ್ಟು ನಾಳೆ ಬನ್ನಿ ಅನ್ನುತ್ತಾರೆ. ಕಳೆದ ತಿಂಗಳು ಗೆಳತಿಯ ಬ್ಲೂಟೂತ್ ಹೆಡ್‌ಸೆಟ್ ತಗೊಂಡು ಹೋಗಿದ್ದೆ. ಮೈಕ್ ಆನ್ ಮಾಡಿದ ಕೂಡಲೇ ಹಾಡು ಹಳೇ ಫೋನಿನ ಹಾಗೆ ಕೇಳಿಸುತ್ತೆ ಅಂತ ಅವಳ ದೂರು. ಅದು ಕೆಟ್ಟಿದ್ದಲ್ಲ, ಮೈಕ್ ಬಳಸುವಾಗ ಇದು ಫೋನ್ ಕರೆಯ ರೀತಿಗೆ ಇಳಿಯುತ್ತೆ, ಅದರ ಗುಣವೇ ಹಾಗೆ ಅಂತ ಹೇಳಿ ಬಿಚ್ಚದೆ ವಾಪಸ್ ಕೊಟ್ಟರು. ದುಡ್ಡು ತಗೊಳ್ಳಲಿಲ್ಲ. ಬ್ಲೂಟೂತ್ ಬೋರ್ಡ್ ಕೆಟ್ಟಿದ್ದರೂ ತಾವು ಮುಟ್ಟುವುದಿಲ್ಲ ಅಂತ ಮೊದಲೇ ಹೇಳಿಬಿಡುತ್ತಾರೆ. ವೈರ್ ಇರುವ ಹೆಡ್‌ಸೆಟ್ಟಿಗೆ ಮಾತ್ರ ಅಲ್ಲಿಗೆ ಹೋಗಿ.

ಬೆಳಿಗ್ಗೆ ಹತ್ತೂವರೆಗೆ ತೆಗೆಯುತ್ತಾರೆ. ಮಧ್ಯಾಹ್ನ ಒಂದೂವರೆಯಿಂದ ಮೂರರವರೆಗೆ ಊಟಕ್ಕೆ ಹೋಗಿರುತ್ತಾರೆ, ಭಾನುವಾರ ರಜೆ. ನಿಮ್ಮ ವೈ ವೈರನ್ನೂ ಜೊತೆಗೆ ತಗೊಂಡು ಹೋಗಿ, ಅದನ್ನೂ ಮೀಟರ್ ಇಟ್ಟು ನೋಡಿಕೊಡುತ್ತಾರೆ. ನನ್ನ ಕಡೆಯಿಂದ ಐದಕ್ಕೆ ಐದು.